ಕಣಕುಂಬಿಯ ಮಳೆ ಅಳೆದವನು

ಮಳೆಗಾಲ ಶುರುವಾದರೆ ಬೆಳಗಾವಿಯ ಪತ್ರಿಕೆಯ ಒಳಪುಟದ ಮೂಲೆಯಲ್ಲಿ ಊರೂರಿನ ಮಳೆಯ ಅಳತೆ ಬರುತ್ತದೆ. ನೀವು ಅದರ ಮೇಲೆ ಕಣ್ಣಾಡಿಸಿ ಮುಂದೆ ಹೋಗುವವರಿರಬಹುದು. ನಾನು ಆ ಪುಟವನ್ನೇ ತೆರೆಯುವುದಿಲ್ಲ. ಇವತ್ತು ಹೆಂಡತಿ ಅದನ್ನು ಗಟ್ಟಿಯಾಗಿ ಓದಿದಳು. "ಈ ಸಲಾನೂ ಕಣಕುಂಬ್ಯಾಗನ ಹೆಚ್ಚ ಆಗೇತಿ ನೋಡ್ರಿ. ಇದನ್ನ ಯಾರ ಅಳೀತಾರರೀ?" ಎಂದಳು. ಇದೇ ಪ್ರಶ್ನೆಯನ್ನು ಹಿಂದೊಮ್ಮೆ ನನ್ನನ್ನು ಕಟಕಟೆಯಲ್ಲಿ ನಿಲ್ಲಿಸಿ ಕೇಳಿದ್ದರು.

ಎರಡು ಸಾವಿರದ ಇಸವಿಯ ಆಚೀಚೆಯ ಮಾತು. ಆಗ ನಾನು ಖಾನಾಪುರದ ಒಂದು ಸರಕಾರಿ ಕಚೇರಿಯಲ್ಲಿ ಗುಮಾಸ್ತ. ಕಣಕುಂಬಿಯಲ್ಲಿ ನಮ್ಮದೊಂದು ಮಳೆಮಾಪಕವಿತ್ತು. ಜನ ಅದನ್ನು ಮಳೀಡಬ್ಬಿ ಎನ್ನುತ್ತಿದ್ದರು. ಪರಸಪ್ಪನೆಂಬ ದಿನಗೂಲಿಯವನು ಹನ್ನೆರಡು ವರ್ಷ, ಒಂದು ಮುಂಜಾನೆಯೂ ತಪ್ಪದಂತೆ, ಅದರ ನೀರನ್ನು ಅಳೆದು ಬರೆದಿಟ್ಟಿದ್ದ. ಶನಿವಾರ ಬಸ್ಸಿನಲ್ಲಿ ಬಂದು ವಾರದ ಹಾಳೆ ಕೊಟ್ಟು ಹೋಗುತ್ತಿದ್ದ. ಬೇಸಿಗೆ ಮುಗಿಯುವಾಗ ನಮ್ಮ ಮನೆಗೆಂದು ಒಂದು ಚೀಲ ಮುರುಗಲ ಹುಳಿಹಣ್ಣನ್ನೂ ತರುತ್ತಿದ್ದ.

ದಿನಗೂಲಿಯವನಿಗೆ ವರ್ಷದಲ್ಲಿ ಇನ್ನೂರ ನಲವತ್ತು ದಿನ ತುಂಬಿದರೆ ಅವನು ಖಾಯಂ ಮಾಡಿರೆಂದು ಕೋರ್ಟಿಗೆ ಹೋದಾನು ಎಂಬ ಅಂಜಿಕೆ ಕಚೇರಿಗಳಿಗಿತ್ತು. ಅದಕ್ಕೆ ನಮ್ಮಲ್ಲೊಂದು ಪದ್ಧತಿ. ಒಂದು ತಿಂಗಳು ಹಾಜರಿ ಪಟ್ಟಿಯಲ್ಲಿ ಅವನ ಹೆಸರು, ಮರುತಿಂಗಳು ಅವನ ತಮ್ಮ ಯಲ್ಲಪ್ಪನ ಹೆಸರು. ಯಲ್ಲಪ್ಪ ಇದ್ದದ್ದು ಗೋವಾದ ಒಂದು ಹೋಟೆಲಿನಲ್ಲಿ. ಅವನ ಸಹಿಯನ್ನೂ ಪರಸಪ್ಪನೇ ಮಾಡುತ್ತಿದ್ದ. "ಈ ತಿಂಗಳ ನಾ ಪರಸಪ್ಪ ಅಲ್ರಿ ಸಾಹೇಬ್ರ, ನಮ್ಮ ತಮ್ಮ. ಸ್ವಲ್ಪ ಸಣ್ಣಾಂವ ಕಾಣಸ್ತೀನೇನ ನೋಡ್ರಿ" ಎಂದು ನಗುತ್ತಿದ್ದ. ನಾನೂ ನಗುತ್ತಿದ್ದೆ. ಹೆಸರು ಬದಲಿಸಿ ಬರೆಯುತ್ತಿದ್ದುದು ನನ್ನದೇ ಕೈ.

ನನ್ನ ಅಕ್ಷರದ ಬಗ್ಗೆ ನಿಮಗೆ ಹೇಳಬೇಕು. ಮುತ್ತಿನಂಥ ಅಕ್ಷರ ಎಂದು ಕಚೇರಿಯ ಸಾಹೇಬರೇ ಹೊಗಳಿದ್ದುಂಟು. ಬೇರೆ ಯಾವ ಗುಣಕ್ಕೂ ನನ್ನನ್ನು ಯಾರೂ ಹೊಗಳಿದ್ದಿಲ್ಲ. ಪರಸಪ್ಪ ಮರಾಠಿ ಸಾಲಿಯಲ್ಲಿ ಕಲಿತವನು. ಮರಾಠಿ ಅಂಕಿಗಳಲ್ಲಿ, ಪೆನ್ಸಿಲಿನಿಂದ, ತೇವ ಹಿಡಿದ ಹಾಳೆಯ ಮೇಲೆ ಬರೆಯುತ್ತಿದ್ದ. ಅದನ್ನು ನೋಡಲಾರದೆ ನಾನು ಎಲ್ಲವನ್ನೂ ದಪ್ಪ ಪುಸ್ತಕವೊಂದಕ್ಕೆ ಚಂದವಾಗಿ ಇಳಿಸಿ ಅವನ ಹಾಳೆಗಳನ್ನು ರದ್ದಿಗೆ ಹಾಕುತ್ತಿದ್ದೆ. ಯಾರೂ ಹಾಗೆ ಮಾಡೆಂದು ಹೇಳಿರಲಿಲ್ಲ.

ಕೊನೆಗೆ ಪರಸಪ್ಪ ಖಾಯಂ ಮಾಡಿರೆಂದು ಬೆಳಗಾವಿಯ ಕೋರ್ಟಿಗೆ ಹೋದ. ತಮ್ಮನನ್ನು ಸಾಕ್ಷಿಗೆ ಕರೆಸಿದರೆ ಸುಳ್ಳು ಸಹಿಯ ಕೇಸು ಇಬ್ಬರ ಮೇಲೂ ಬೀಳುವ ಹೆದರಿಕೆ. ಉಳಿದದ್ದು ಒಂದೇ ಆಧಾರ: ಯಲ್ಲಪ್ಪನ ತಿಂಗಳುಗಳಲ್ಲೂ ಮಳೆ ಬರೆದದ್ದು ಪರಸಪ್ಪನ ಕೈಯೇ ಎಂದು ತೋರಿಸುವುದು. ಮಳೆಯ ದಾಖಲೆ ತರಿಸಿರೆಂದು ಅವನ ವಕೀಲರು ಕೇಳಿದರು. ಕಚೇರಿಯಿಂದ ಹೋದದ್ದು ನನ್ನ ಪುಸ್ತಕ, ಅದರ ಹಿಂದೆ ನಾನು. ಹೊರಡುವಾಗ ಸಾಹೇಬರು, "ಕೇಳಿದ್ದಕ್ಕಷ್ಟ ಉತ್ತರ ಕೊಟ್ಟ ಬರ್ರಿ" ಎಂದರು. ನನ್ನ ಬಡ್ತಿಯ ಕಡತ ಅವರ ಮೇಜಿನ ಮೇಲಿತ್ತು.

ಸರಕಾರಿ ವಕೀಲರು ಪುಸ್ತಕ ತೋರಿಸಿ ಅಕ್ಷರ ಯಾರದೆಂದು ಕೇಳಿದರು. ನನ್ನದು ಎಂದೆ. ಎಲ್ಲವೂ? ಎಲ್ಲವೂ. ಆಮೇಲೆ ಪರಸಪ್ಪನ ವಕೀಲರು ಎದ್ದರು. ಆಗಷ್ಟೇ ಸನ್ನದು ಪಡೆದ ಹುಡುಗಿ; ಪರಸಪ್ಪ ಬರೆದ ಮೂಲ ಹಾಳೆಗಳೆಲ್ಲಿ ಎಂದು ಕೇಳುವುದು ಆಕೆಗೆ ತೋಚಲಿಲ್ಲ.

"ಹಾಗಾದರೆ ಕಣಕುಂಬಿಯಲ್ಲಿ ದಿನಾ ಮಳೆ ಅಳೆದವರು ಯಾರು?"

ಪರಸಪ್ಪ ಬಾಗಿಲ ಬಳಿ ನಿಂತಿದ್ದ. ನನ್ನನ್ನು ನೋಡಿ ಸಣ್ಣಗೆ ತಲೆಯಾಡಿಸಿದ. ನಾನು ಹೇಳುತ್ತೇನೆಂಬ ನಂಬಿಕೆ ಅವನಿಗಿತ್ತು.

"ಹಾಜರಿ ಪಟ್ಟಿಯಲ್ಲಿ ಆಯಾ ತಿಂಗಳು ಯಾರ ಹೆಸರಿದೆಯೋ ಅವರು" ಎಂದೆ.

ಈ ಮಾತನ್ನು ಎಷ್ಟೋ ಸಲ ಒರೆಗೆ ಹಚ್ಚಿದ್ದೇನೆ. ಕಾಗದದ ಲೆಕ್ಕಕ್ಕೆ ಅದರಲ್ಲಿ ತಪ್ಪು ಹಿಡಿಯಲಾಗದು. ಅಷ್ಟು ಅಚ್ಚುಕಟ್ಟಾದ ಸುಳ್ಳನ್ನು ನಾನು ಮತ್ತೆಂದೂ ಹೇಳಿಲ್ಲ.

ಹೊರಗೆ ಚಹಾದಂಗಡಿಯ ಮುಂದೆ ಅವನೇ ಎದುರಾದ. ಬಯ್ದಿದ್ದರೆ ಚೆನ್ನಾಗಿತ್ತು. "ಬರ್ತೀನ್ರಿ ಸಾಹೇಬ್ರ. ಜಾಂಬೋಟಿ ಮ್ಯಾಲಿನ ಗಾಡಿ ತಪ್ಪಿದ್ರ ನಾಳೆ ಮುಂಜಾನೆ ಡಬ್ಬಿ ನೋಡಾವ್ರ ಯಾರೂ ಇಲ್ಲ" ಎಂದ.

ಅರ್ಜಿ ವಜಾ ಆಯಿತು. ಮರುವಾರವೇ ಅವನಿಗೆ ಬರಬೇಡವೆಂದರು. ಹೊಸಬ ಸಿಗುವವರೆಗೆ ಕಣಕುಂಬಿಯ ಕಾಲಂ ಖಾಲಿ ಬಿಡಬಾರದೆಂದು ಸಾಹೇಬರ ಅಪ್ಪಣೆ. ಅದೇ ದಾರಿಯ ಜಾಂಬೋಟಿಯ ಮಳೆಮಾಪಕದ ಅಂಕಿಗೆ ಒಂದಿಷ್ಟು ಸೇರಿಸಿ ನಾನೇ ಬರೆದೆ. ಎರಡು ತಿಂಗಳು ಖಾನಾಪುರದ ಕುರ್ಚಿಯಲ್ಲಿ ಕೂತು ಕಣಕುಂಬಿಯ ಮಳೆ ಸುರಿಸಿದೆ, ಮುತ್ತಿನಂಥ ಅಕ್ಷರದಲ್ಲಿ. ಬಡ್ತಿಯೂ ಬಂತು.

ಚಹಾ ಆರಿತ್ತು. ಹೆಂಡತಿ ಪುಟ ತಿರುವಿ ಬೇರೇನೋ ಓದುತ್ತಿದ್ದಳು.

"ಪರಸಪ್ಪ ಅಳೀತಿದ್ದ" ಎಂದೆ.

"ಯಾರು, ಮುರುಗಲ ತಂದ ಕೊಡತಿದ್ನಲ್ಲಾ, ಅಂವ? ಒಮ್ಮಿಂದೊಮ್ಮೆ ಬರೂದ ಬಿಟ್ಟಬಿಟ್ಟ. ಯಾಕ?"

ಬಡ್ತಿ ಬಂದ ದಿನ ಇವಳು ಓಣಿಗೆಲ್ಲ ಪೇಢೆ ಹಂಚಿದ್ದಳು. ಕನ್ನಡಕ ತೆಗೆದಿಟ್ಟು, ಹಾಜರಿ ಪಟ್ಟಿಯಿಂದ ಶುರುಮಾಡಿ, ಕೇಳಿದ್ದಕ್ಕಿಂತ ಹೆಚ್ಚೇ ಹೇಳಿದೆ. ಅವಳು ಪತ್ರಿಕೆಯನ್ನು ಮಡಚಿಟ್ಟಳು.