ಕೊಪ್ಪರಿಗೆಯ ಮೇಲಿನ ಕೈ

ಸಂಡೂರಿನ ನಮ್ಮ ಮನೆಯಲ್ಲಿ ಮಧ್ಯಾಹ್ನದ ಸೈರನ್ ಕೂಗಿತೆಂದರೆ ಅವ್ವ ಕೈಯಲ್ಲಿದ್ದ ಕೆಲಸ ಬಿಟ್ಟು ಪಾತ್ರೆಯ ಹಲಗೆಯ ಕಡೆ ನಡೆಯುತ್ತಿದ್ದಳು. ಗಣಿಯಲ್ಲಿ ಬ್ಲಾಸ್ಟಿಂಗ್ ಆದಾಗ ಪಾತ್ರೆಗಳೆಲ್ಲ ನಡುಗಿ ಗಿಣಿಗಿಣಿ ಎನ್ನುತ್ತವೆ. ಅಂಗೈ ಇಟ್ಟರೆ ಸುಮ್ಮನಾಗುತ್ತವೆ. ಓಣಿಯ ಹೆಂಗಸರಿಗೆಲ್ಲ ಅದು ರೂಢಿ. ಕೂಸಿಗೆ ಹಾಲೂಡಿಸುತ್ತಿದ್ದವಳೂ ಒಂದು ಕೈ ಬಿಡಿಸಿಕೊಂಡು ತಂಬಿಗೆಯ ಮೇಲೆ ಇಡುತ್ತಿದ್ದಳು. ನನಗೂ ಆ ಚಟ ಅಂಟಿದೆ. ಹೊಸಪೇಟೆಯಲ್ಲಿ ಅದಿರಿನ ಲಾರಿ ಹಾದುಹೋದರೆ ಸಾಕು, ನನ್ನ ಕೈ ತಾನಾಗಿ ಚಹಾದ ಲೋಟದ ಮೇಲೆ ಹೋಗುತ್ತದೆ.

ಅಪ್ಪ ಗಣಿಯಲ್ಲಿ ಡ್ರಿಲ್ಲಿಂಗ್ ಮಷಿನ್ ರಿಪೇರಿ ಮಾಡುತ್ತಿದ್ದವರು. ಒಂದು ಸಿಡಿತಕ್ಕೆ ಅವರ ಎರಡೂ ಕಿವಿ ಹೋದವು. ನಾನು ಹುಟ್ಟಿದ್ದು ಅದರ ಮರುವರ್ಷ. ಹಾಗಾಗಿ ಅವರು ನನ್ನ ದನಿಯನ್ನು ಒಮ್ಮೆಯೂ ಕೇಳಿರಲಿಲ್ಲ. ನೋಡಿದರೆ, ದೇವರು ನನಗೆ ಕೊಟ್ಟದ್ದು ಗಂಟಲೊಂದೇ. ಹೊಸಪೇಟೆಯ ಸೌಂಡ್ ಸರ್ವಿಸ್ ಅಂಗಡಿಯೊಂದರಲ್ಲಿ ಪ್ರಚಾರದ ಆಟೋಗಳಿಗೆ ದನಿ ಕೊಡುವುದು ನನ್ನ ಕೆಲಸ. ಸೀರೆ ಸೇಲು, ಕಣ್ಣಿನ ಶಿಬಿರ, ನಲ್ಲಿ ನೀರಿನ ಸಮಯ, ಎಲ್ಲವನ್ನೂ ನಾನೇ ಕೂಗುತ್ತೇನೆ. ಕಂಪ್ಲಿಯ ಸಂತೆಗೆ ಬಂದವರಿಗೂ, ಮೆಟ್ರಿಯ ಗದ್ದೆಯಲ್ಲಿ ಕಳೆ ಕೀಳುವವರಿಗೂ ನನ್ನ ದನಿ ಗೊತ್ತು. ಹೆತ್ತಪ್ಪನಿಗೆ ಗೊತ್ತಿರಲಿಲ್ಲ. 

ಕಳೆದುಹೋದದ್ದನ್ನು ದನಿಯಿಂದ ತಿರುಗಿ ತರಬಹುದು ಎಂಬುದು ಅಪ್ಪನ ತಲೆಗೆ ಹೇಗೆ ಹೊಕ್ಕಿತೋ ತಿಳಿಯದು. ಹಿತ್ತಿಲ ಕೋಣೆಯಲ್ಲಿ ಯಂತ್ರ ಕಟ್ಟತೊಡಗಿದರು. ಮನೆಯ ಹಳೆಯ ಕಂಚಿನ ಕೊಪ್ಪರಿಗೆಯನ್ನು ಬೋರಲಾಗಿ ತೂಗುಹಾಕಿದರು. ಅದರ ಕೆಳಗೆ ನಾನು ಅಂಗಡಿಯಿಂದ ತಂದುಕೊಟ್ಟ ಹಾರ್ನ್ ಸ್ಪೀಕರ್. ಅದರ ಪಕ್ಕ ಒಂದು ಕಲ್ಲಿನ ಪಟ್ಟಿ. ಹಂಪಿ ಕಡೆಯ ಕಲ್ಲುಕೆಲಸದವರ ಹತ್ತಿರ ದಿನವಿಡೀ ಕೂತು, ಬಡಿದು ನೋಡಿ ಆರಿಸಿ ತಂದದ್ದು. ಕಿವಿ ಕೇಳದವರು ಶ್ರುತಿ ಹೇಗೆ ಕೂಡಿಸಿದರು ಎಂದು ನೀವು ಕೇಳಬಹುದು. ಸ್ಕ್ರೂಡ್ರೈವರಿನ ಹಿಡಿಯನ್ನು ಹಲ್ಲಿನಲ್ಲಿ ಕಚ್ಚಿ, ತುದಿಯನ್ನು ಕಂಚಿಗೆ ಒತ್ತಿ, ಕಣ್ಣು ಮುಚ್ಚಿ ಕೂಡುತ್ತಿದ್ದರು. ಕಲ್ಲಿನ ನಡುಕವೂ ಕಂಚಿನ ನಡುಕವೂ ಒಂದಾದರೆ ಹಲ್ಲಿಗೆ ತಿಳಿಯುತ್ತದಂತೆ.

ಒಂದು ಸಂಜೆ ಅದು ಕೂಡಿತು. ಕೊಪ್ಪರಿಗೆ ಗುನುಗತೊಡಗಿದಂತೆ ನನ್ನ ಕೈಯಲ್ಲಿದ್ದ ಲೋಟದ ಬಿರುಕು ಮಾಯವಾಯಿತು. ಗುನುಗು ನಿಂತಿತು, ಬಿರುಕು ತಿರುಗಿ ಬಂತು, ಚಹಾ ಸೋರಿ ಬೆರಳು ಸುಟ್ಟಿತು. ದನಿ ಇರುವಷ್ಟು ಹೊತ್ತು ಹಿಂದಿನ ಕಾಲ ಇರುತ್ತದೆ, ದನಿ ದೊಡ್ಡದಾದಷ್ಟೂ ಇನ್ನಷ್ಟು ಹಿಂದಿನದು ಬರುತ್ತದೆ ಎಂದು ದಿನಗಳೆದಂತೆ ಅರ್ಥವಾಯಿತು. ಗೋಡೆ ಹಳೆಯ ನೀಲಿ ಸುಣ್ಣಕ್ಕೆ ತಿರುಗಿತು. ಇನ್ನೊಂದು ಸಂಜೆ, ಗಣಿ ತಿಂದುಹಾಕಿದ್ದ ಎದುರಿನ ಗುಡ್ಡದ ನೆತ್ತಿ ಮೆಲ್ಲಗೆ ಮೇಲೆದ್ದು, ಹಸಿರಾಗಿ ಸ್ವಲ್ಪ ಹೊತ್ತು ನಿಂತು, ಕರಗಿಹೋಯಿತು. ಅಂದು ಮೂವರೂ ಅಂಗಳದಲ್ಲಿ ಆ ಗುಡ್ಡದ ಕಡೆ ಮುಖ ಮಾಡಿ ಕೂತು ಉಂಡೆವು.

ಅಪ್ಪನ ಕಿವಿ ಇದ್ದ ಕಾಲ ಅದಕ್ಕಿಂತ ಹಿಂದೆ ಇತ್ತು. ಅಲ್ಲಿಗೆ ಮುಟ್ಟಲು ಬ್ಲಾಸ್ಟಿಂಗಿನ ನಡುಕವನ್ನೇ ಯಂತ್ರಕ್ಕೆ ಕೂಡಿಸಬೇಕೆಂದು ಅವರು ಹಟ ಹಿಡಿದರು.

"ಕಿವಿ ಒಯ್ದದ್ದು ಅದ. ಅದ ತಂದು ಕೊಡ್ಲಿ," ಎಂದರು.

ನಾನು ಅಂಗಡಿಗೆ ರಜೆ ಹಾಕಿದೆ. 'ಅಪ್ಪಾ' ಎಂಬ ಒಂದೇ ಮಾತನ್ನು ಮೈಕಿನ ಮುಂದೆ ಎಷ್ಟು ಸಲ ರೂಢಿ ಮಾಡಿದರೂ ಸೀರೆ ಸೇಲಿನ ಹಾಗೆಯೇ ಕೇಳಿಸುತ್ತಿತ್ತು.

ಆ ಮಧ್ಯಾಹ್ನ ಸೈರನ್ ಕೂಗಿತು. ಅಪ್ಪ ಕಲ್ಲನ್ನು ಬಡಿದರು, ಕೊಪ್ಪರಿಗೆ ಎಚ್ಚರಾಯಿತು. ಬಾಗಿಲಲ್ಲಿ ನಿಂತಿದ್ದ ನಾನು ಬಾಯಿ ತೆರೆದೆ. ಮರುಕ್ಷಣವೇ ನೋಡುತ್ತೇನೆ, ಕೊಪ್ಪರಿಗೆ ಮೂಕವಾಗಿದೆ. ಅದರ ಮೇಲೆ ಅವ್ವನ ಕೈ. ಅವ್ವನ ಕೈಯ ಮೇಲೆ ಅಪ್ಪನ ಕೈ. ಹೊರಗೆ ಬ್ಲಾಸ್ಟಿಂಗಿನ ಕೆಂಪು ಧೂಳು ಆಗಲೇ ಇಳಿದು ಅಂಗಳದಲ್ಲಿ ಕೂತಿತ್ತು. ಅದು ಎದ್ದದ್ದು ಯಾವಾಗ ಎಂದು ನನಗೆ ತಿಳಿಯಲೇ ಇಲ್ಲ. ಅಪ್ಪ ಅಳುತ್ತಿದ್ದರು.

ನನಗೆ ಸಿಟ್ಟು ನೆತ್ತಿಗೇರಿತು. ಪಾತ್ರೆ ಹಿಡಿಯುವ ಹಾಳು ಚಟಕ್ಕೆ ಅಪ್ಪನ ಕಿವಿಯನ್ನೇ ಕಳೆದೆಯಲ್ಲ, ಅವರು ಕಿತ್ತುಹಾಕಲು ಬಂದರೂ ಕೈ ತೆಗೆಯಲಿಲ್ಲವಲ್ಲ ಎಂದು ಅವ್ವನಿಗೆ ಬಾಯಿಗೆ ಬಂದಂತೆ ಬೈದೆ. ಕೈ ತಾನಾಗೇ ಹೋಯಿತು ಎಂದಷ್ಟೇ ಹೇಳಿ ಅವಳು ಒಳಗೆ ಹೋದಳು. ಮರುದಿನ ಅಪ್ಪ ಯಂತ್ರ ಬಿಚ್ಚಿ, ಕಲ್ಲನ್ನು ಎರಡು ತುಂಡು ಮಾಡಿ, ಕೊಪ್ಪರಿಗೆಯನ್ನು ಬಚ್ಚಲಿಗೆ ಕೊಟ್ಟರು. ಅವ್ವನ ಮೇಲಿನ ಸಿಟ್ಟಿಗೆ ಹಾಗೆ ಮಾಡಿದರೆಂದು ತಿಳಿದೆ. ನಾನು ಹೊಸಪೇಟೆಯಲ್ಲಿ ಕೋಣೆ ಹಿಡಿದೆ. ಅವ್ವನ ಜೊತೆ ಎಷ್ಟೋ ವರ್ಷ ಬೇಕಾದಷ್ಟೇ ಮಾತಾಡಿದೆ.

ಹೋದ ವರ್ಷ ಅಪ್ಪ ತೀರಿಕೊಂಡರು. ಕಾರ್ಯವೆಲ್ಲ ಮುಗಿದ ಮೇಲೆ ಹಿತ್ತಿಲಲ್ಲಿ ನಾವಿಬ್ಬರೇ ಕೂತು ಆ ಕೊಪ್ಪರಿಗೆಯನ್ನು ಹುಣಸೆಹಣ್ಣು ಹಚ್ಚಿ ತಿಕ್ಕುತ್ತಿದ್ದೆವು. ಸುಮ್ಮನಿರಲು ನನ್ನಿಂದ ಆಗಲಿಲ್ಲ. ಅವತ್ತು ನೀನು ಕೈ ಇಡದಿದ್ದರೆ ಒಂದು ಸಲವಾದರೂ ನನ್ನ ದನಿ ಕೇಳಿ ಹೋಗುತ್ತಿದ್ದರು ಎಂದೆ.

ಅವ್ವ ತಿಕ್ಕುವುದನ್ನು ನಿಲ್ಲಿಸಿದಳು.

"ಅವ್ರಿಗೆ ಕೇಳಿಸಿತ್ತವ್ವ," ಎಂದಳು. "ಊಟಕ್ಕ ಬರ್ರಿ ಅಂದೆ, ಬಂದೆ ತಡಿ ಅಂದ್ರು. ಭಾಳ ಹೊತ್ತು ಮಾತಾಡಿದ್ವಿ. ಮಗಳ ದನಿ ಕೇಳ್ರಿ ಅಂತ ಬಾಗಲ ಕಡೆ ತಿರುಗಿದೆ. ನೀ ಇರ್ಲಿಲ್ಲ. ನಿನ್ನ ಚಪ್ಲಿ ಸೈತ ಇರ್ಲಿಲ್ಲ."

ಕಿವಿ ಇದ್ದ ಕಾಲದಲ್ಲಿ ನಾನು ಹುಟ್ಟಿಯೇ ಇರಲಿಲ್ಲ. ಇಷ್ಟು ಸಣ್ಣ ವಿಷಯ ನಮ್ಮ ಮೂವರಲ್ಲಿ ಒಬ್ಬರಿಗೂ ಹೊಳೆದಿರಲಿಲ್ಲ. ಹಾಗಾದರೆ ಅಪ್ಪ ಯಾಕೆ ನಿನ್ನ ಕೈ ಕೀಳುತ್ತಿದ್ದರು ಎಂದು ಕೇಳಿದೆ.

ಅವ್ವ ಹುಣಸೆ ಮೆತ್ತಿದ ನನ್ನ ಅಂಗೈಯನ್ನು ತೆಗೆದು ಕೊಪ್ಪರಿಗೆಯ ಮೇಲಿಟ್ಟಳು. ಅದರ ಮೇಲೆ ತನ್ನ ಕೈಯಿಟ್ಟು, ಮೈಭಾರವನ್ನೆಲ್ಲ ಹಾಕಿ ಒತ್ತಿದಳು.

"ಹಿಂಗ ಹಿಡಿದಿದ್ರು," ಎಂದಳು. "ಎಲ್ಲಿ ಮತ್ತ ದನಿ ಎದ್ದೀತು ಅಂತ."