ಚಿತ್ರಲಿಂಗಪ್ಪ ಸಾಯದ ಸಿನಿಮಾ

ಯಲ್ಲದಕೆರೆಯ ಚಿತ್ರಲಿಂಗಪ್ಪ ಏಳು ಸಿನಿಮಾಗಳಲ್ಲಿ ಸತ್ತಿದ್ದ. ಎರಡರಲ್ಲಿ ಗುಂಡಿಗೆ, ಮೂರರಲ್ಲಿ ಕತ್ತಿಗೆ, ಒಂದರಲ್ಲಿ ಕುದುರೆಯ ಕಾಲಡಿ. ಇನ್ನೊಂದರಲ್ಲಿ ಹೇಗೆ ಸತ್ತನೆಂದು ಅವನಿಗೇ ಗೊತ್ತಿಲ್ಲ. ಬೀಳು ಎಂದರು, ಬಿದ್ದ.

ದುರ್ಗದ ಕೋಟೆಗೆ ಡಕಾಯಿತರ ಸಿನಿಮಾದವರು ಬಂದಾಗಲೆಲ್ಲ ಅವನಿಗೆ ಹೇಳಿಕಳಿಸುತ್ತಿದ್ದರು. ಆರಡಿ ಆಳು, ಕಿವಿಯತ್ತ ತಿರುಗಿದ ಮೀಸೆ, ಕುರಿಗಳ ಹಿಂದೆ ಅಲೆದು ಬಿಸಿಲುಂಡ ಮುಖ. ಬಂಡೆಯಿಂದ ಉರುಳುವುದನ್ನು ಅವನಿಗೆ ಯಾರೂ ಕಲಿಸಬೇಕಾಗಿರಲಿಲ್ಲ. ಮೊದಲು ಭುಜ ಕೊಡಬೇಕು, ತಲೆಯನ್ನಲ್ಲ ಎಂದು ಮದರಾಸಿನ ಸ್ಟಂಟಿನವರಿಗೆ ಅವನೇ ಹೇಳಿಕೊಡುತ್ತಿದ್ದ. ಆದರೆ ಹಿರಿಯೂರಿನ ಟಾಕೀಸಿನಲ್ಲಿ ಅವನ ದನಿಯನ್ನು ಯಾರೂ ಕೇಳಿರಲಿಲ್ಲ. ಅವನ ಸಾವಿನ ಕೂಗನ್ನೂ ಮದರಾಸಿನಲ್ಲಿ ಬೇರೆ ಯಾರೋ ಕೂಗಿರುತ್ತಿದ್ದರು.

ಎಪ್ಪತ್ತಾರರ ಬೇಸಿಗೆಯಲ್ಲಿ ಎಂಟನೆಯದು ಬಂತು. ಈ ಸಲ ಅವನು ಡಕಾಯಿತರ ಸರದಾರನ ಬಲಗೈ. ಸಾಯುವ ಮುಂಚೆ ನಾಲ್ಕು ಮಾತು, ಅವನದೇ ದನಿಯಲ್ಲಿ. ತಿಂಗಳಿಡೀ ಆ ಮಾತುಗಳನ್ನು ಕುರಿಗಳು ಕೇಳಿದವು, ಒಲೆಯ ಮುಂದೆ ಹೆಂಡತಿ ಚಂದ್ರಕ್ಕ ಕೇಳಿದಳು.

"ಮುದ್ದೆ ತಿರುವಾಗ್ಲೂ ಅದೇ! ನನ್ಗೂ ಬಾಯಿಗೆ ಬಂದೈತೆ. ನೀನು ಮರ್ತ್ರೆ ಹೇಳಿಕಳ್ಸು, ಮೀಸೆ ಅಂಟಿಸ್ಕಂಡು ನಾನೇ ಬತ್ತೀನಿ," ಎಂದಳು.

ಕಂಪನಿಯವರು ಕೊಟ್ಟ ಕರಿ ಕಂಬಳಿಯನ್ನು ಹೆಗಲಿಗೆ ಹಾಕಿಕೊಂಡು ಹತ್ತು ದಿನ ಚಿತ್ರಲಿಂಗಪ್ಪ ಕುದುರೆ ಓಡಿಸಿದ, ಊರು ಸುಟ್ಟ, ಅಟ್ಟಹಾಸ ಮಾಡಿದ. ಉಳಿದವರ ಸಾವುಗಳೆಲ್ಲ ಮುಗಿದು, ಕೊನೆಯ ದಿನ ಕೋಟೆಯ ಏಕನಾಥಮ್ಮನ ಗುಡಿಯಾಚೆಯ ಬಂಡೆಗಳ ನಡುವೆ ಅವನ ಸಾವು. ನಿರ್ದೇಶಕ ವಿವರಿಸಿದ:

"ಹೀರೋ ನಿನ್ನನ್ನ ಕೆಡವ್ತಾನೆ. ಕಂಬಳಿ ನೆಲಕ್ಕೆ ಬೀಳುತ್ತೆ. ಅವನು ಅದರ ಮೇಲೆ ನಿಂತು ಬೂಟಿನ ಧೂಳು ಒರೆಸ್ಕೋತಾನೆ. ಆಗ ನೀನು ನಾಲ್ಕು ಮಾತು ಹೇಳಿ ಸಾಯಿ."

"ಬೂಟು ನನ್ನ ಎದೆ ಮ್ಯಾಲೆ ಇಡ್ಸ್ರಿ ಸಾಮಿ. ಕಂಬ್ಳಿ ಮ್ಯಾಲೆ ಬ್ಯಾಡ."

"ನಿನ್ನದೇನಯ್ಯ ಅದು? ಹೊಸದುರ್ಗದ ಸಂತೇಲಿ ಕಂಪನಿ ಕೊಂಡಿದ್ದು."

"ಯಾರ್ದಾದ್ರೂ ಕಂಬ್ಳಿ ಕಂಬ್ಳೀನೇ. ಇದ್ನ ಹಾಸಿ ದ್ಯಾವ್ರು ಕೂರಿಸ್ತೀವಿ. ಇದ್ರ ಮ್ಯಾಲೆ ಕುಂತು ನ್ಯಾಯ ಹೇಳ್ತೀವಿ. ನನ್ನ ಎಂಟು ಸಲ ಸಾಯಿಸ್ರಿ, ಸಾಯ್ತೀನಿ. ಇದ್ನ ತುಳಿಯಾಕೆ ಬಿಡಾಕಿಲ್ಲ."

ಬಿಸಿಲು ಇಳಿಯುತ್ತಿತ್ತು. ಕ್ಯಾಮೆರಾದವನು ಆಕಾಶ ನೋಡಿ ಗೊಣಗಿದ. ನಿರ್ದೇಶಕನ ಸಹನೆ ತೀರಿತು.

"ಮಾತು ಬೇಕೋ, ಕಂಬಳಿ ಬೇಕೋ ನಿಂಗೆ?"

ನಾಲ್ಕು ಮಾತುಗಳೂ ಚಿತ್ರಲಿಂಗಪ್ಪನ ಗಂಟಲವರೆಗೆ ಬಂದು ನಿಂತಿದ್ದವು. ಅವನು ಅವನ್ನು ನುಂಗಿದ. ಕಂಬಳಿಯನ್ನು ಮಡಿಸಿ ಎತ್ತರದ ಕಲ್ಲಿನ ಮೇಲಿಟ್ಟು, ಪಕ್ಕದಲ್ಲಿ ಕುಳಿತ.

ನಿರ್ದೇಶಕ ಡಕಾಯಿತರ ಗುಂಪಿನತ್ತ ತಿರುಗಿ, ಹರಿಯಬ್ಬೆಯ ಓಬಯ್ಯನನ್ನು ಕರೆದ. "ಅವನ ಮಾತು ನೀನು ಹೇಳು. ಕಂಬಳಿ ಹೊದ್ಕೊ."

ಓಬಯ್ಯ ಅಲ್ಲಿವರೆಗೆ ಕ್ಯಾಮೆರಾದ ಹತ್ತಿರಕ್ಕೂ ಬಂದವನಲ್ಲ. ಬಂದ. ಕಂಬಳಿಯನ್ನು ಎತ್ತಿ ಕಣ್ಣಿಗೊತ್ತಿಕೊಂಡ. ಅಲ್ಲೇ ಇಟ್ಟ.

"ನಾವೂ ಕುರಿಯೋರೇ ಬುದ್ಧಿ," ಎಂದು ಚಿತ್ರಲಿಂಗಪ್ಪನ ಪಕ್ಕ ಕುಳಿತ. ಅವನ ಹಿಂದೆಯೇ, ಉಳಿದ ಡಕಾಯಿತರೂ ಮರದ ಕತ್ತಿಗಳನ್ನು ಕೆಳಗಿಟ್ಟರು. ಬಂಡೆಗಳ ಮೇಲಿನ ಬೆಳಕು ಕೆಂಪಾಗಿ, ಕಂದಾಗಿ, ಹೋಯಿತು.

ಮರುದಿನ ಕಂಪನಿ ಗಂಟುಮೂಟೆ ಕಟ್ಟಿತು. ಆಮೇಲೆ ಯಾವ ಸಿನಿಮಾದವರೂ ಅವನಿಗೆ ಹೇಳಿಕಳಿಸಲಿಲ್ಲ.

ಮುಂದಿನ ವರ್ಷ ಆ ಸಿನಿಮಾ ಹಿರಿಯೂರಿಗೆ ಬಂದಾಗ ಊರಿನವರೆಲ್ಲ ಮ್ಯಾಟ್ನಿಗೆ ಹೋದರು. ಇಂಟರ್‌ವಲ್ಲಿನವರೆಗೆ ಚಿತ್ರಲಿಂಗಪ್ಪ ಕುದುರೆ ಓಡಿಸಿದ, ಊರು ಸುಟ್ಟ. ಆಮೇಲೆ ಕಾಣಲೇ ಇಲ್ಲ. ಹೀರೋ ಸರದಾರನನ್ನು ಕೊಂದ, ಉಳಿದವರನ್ನು ಕೊಂದ. ಶುಭಂ ಎಂದು ಬಂದೇಬಿಟ್ಟಿತು.

ಹಿಂದಿನ ಬೆಂಚಿನಿಂದ ಊರಿನ ಹುಡುಗ ಗೊಲ್ಲಪ್ಪ ಕೂಗಿದ: "ಏನ್ ಮಾವ, ಈ ಸಲ ನೀನು ಸಾಯ್ಲೇ ಇಲ್ಲ?"

ಚಿತ್ರಲಿಂಗಪ್ಪ ಎದ್ದು ನಿಂತು ತನ್ನ ಕಂಬಳಿಯನ್ನು ಹೆಗಲಿಗೆ ಸರಿಯಾಗಿ ಹಾಕಿಕೊಂಡ.

"ಅವ್ರ ಕೈಲಿ ಆಗ್ಲಿಲ್ಲ ಕಣ್ಲಾ," ಎಂದ, ಪರದೆಯವರೆಗೂ ಕೇಳಿಸುವಂತೆ.