ಸೀನಣ್ಣನ ಜಾಲಿಗಿಡ

ನಮ್ಮ ಭಾವನಿಗೆ ಸೀನಣ್ಣ ಎಂದು ಹೆಸರಿಟ್ಟವರು ಹೆತ್ತವರಲ್ಲ, ಬೀದಿಯವರು. ಸೀನಿ ಸೀನಿ ಸಂಪಾದಿಸಿದ ಹೆಸರು ಅದು. ಬೇರೆಯವರಾದರೆ ಸೀನಿ, ಮೂಗು ಒರೆಸಿಕೊಂಡು ಸುಮ್ಮನಾಗಬಹುದು. ಭಾವ ಕೈಗಡಿಯಾರ ರಿಪೇರಿ ಮಾಡುವವರು. ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು, ಎಳ್ಳಿಗಿಂತ ಸಣ್ಣ ತಿರುಪನ್ನು ಚಿಮಟದ ತುದಿಯಲ್ಲಿ ಹಿಡಿದಿರುವಾಗ ಒಂದು ಸೀನು ಬಂದರೆ ಅರ್ಧ ದಿನದ ಕೆಲಸ ನೆಲದ ಪಾಲು. ಆಮೇಲೆ ಅಕ್ಕ, ಭಾವ, ನಾನು ಮೂವರೂ ಅಂಬೆಗಾಲಿಟ್ಟು ಅಯಸ್ಕಾಂತ ಹಿಡಿದು ಹುಡುಕುವುದು.

ಅಂಗಡಿ ಎಂದರೆ ಮನೆಯ ಮುಂದಿನ ಕೋಣೆಯೇ. ಅದರ ಬಾಗಿಲ ಪಕ್ಕ ಅಕ್ಕನ ಜಾಲಿಗಿಡ. ಜಾಲಿ ಎಂದೊಡನೆ ಕಾಲು ಹಿಂದೆ ತೆಗೆಯಬೇಡಿ, ಇದು ಮುಳ್ಳಿಲ್ಲದ ಜಾತಿ, ಒಣ ಸೀಮೆಯ ಪೊದೆ. ನಾವು ಹುಟ್ಟಿದ ಊರಿನಲ್ಲಿ ಮಳೆ ಅಪರೂಪದ ನೆಂಟ, ಮನೆಯ ಸುತ್ತ ಇದರದೇ ಬೇಲಿ. ಅಮ್ಮ ತೀರಿಕೊಂಡ ಮೇಲೆ ಆ ಮನೆ ಬೇರೆಯವರ ಪಾಲಾಯಿತು, ಬೇಲಿ ಉಳಿಯಲಿಲ್ಲ. ನಾನು ಅಲ್ಲಿಂದ ಹೊಲಿಗೆ ಯಂತ್ರ ಹೊತ್ತು ತಂದೆ. ಅಕ್ಕ ಕರವಸ್ತ್ರದಲ್ಲಿ ಒಂದಿಷ್ಟು ಜಾಲಿಬೀಜ ಕಟ್ಟಿಕೊಂಡು ಬಂದಳು. ಕಲ್ಲಿನಂಥ ಆ ಬೀಜಗಳ ಮೇಲೆ ಅಮ್ಮ ಮಾಡುತ್ತಿದ್ದಂತೆಯೇ ಕುದಿನೀರು ಸುರಿದು, ನೆನೆಸಿ ನೆಟ್ಟಳು. "ಬೇಯಿಸಿದ ಬೀಜ ಎಲ್ಲಾದ್ರೂ ಮೊಳೆಯುತ್ತೇನೆ?" ಎಂದು ಭಾವ ನಕ್ಕಿದ್ದರು. ಮೊಳೆತದ್ದು ಒಂದೇ. ಅದೂ ವರ್ಷಗಟ್ಟಲೆ ಬರೀ ಎಲೆ ಹೊತ್ತು ನಿಂತಿತ್ತು.

ಈ ಸಲ ಬಿಸಿಲು ಏರುತ್ತಿದ್ದಂತೆ ಮೈತುಂಬ ಹೂ! ಬಟಾಣಿಯಷ್ಟು ದಪ್ಪದ ಹಳದಿ ಉಂಡೆಗಳು. ಅಕ್ಕ ಕೆಲಸವಿರಲಿ ಇಲ್ಲದಿರಲಿ, ಬೆಳಗ್ಗೆದ್ದು ಅದರ ಮುಂದೆ ಹೋಗಿ ನಿಲ್ಲುತ್ತಿದ್ದಳು. ಹೂವಿನ ಬೆನ್ನಿಗೇ ಭಾವನ ಸೀನೂ ಬಂತು.

ಪಕ್ಕದ ಅಂಗಡಿಯ ಕ್ಷೌರಿಕ ಭಾವನ ಗೆಳೆಯ. ಗಡ್ಡದ ಜೊತೆಗೆ ಊರವರ ಕಷ್ಟಸುಖಗಳೂ ತನ್ನ ಕತ್ತರಿಗೇ ಸೇರಿದವು ಎಂದು ನಂಬಿದ ಮನುಷ್ಯ. ಕೆಟ್ಟವನಲ್ಲ. ಈ ಬೇಸಿಗೆಯ ಮೊದಲಲ್ಲಿ ತನಗೆ ಹೊಸ ಕುರ್ಚಿ ಬಂದಾಗ ಹಳೆಯದರ ಮೆತ್ತೆಯನ್ನು ಭಾವನ ಸೊಂಟನೋವಿಗೆಂದು ತಂದು ಕೊಟ್ಟಿದ್ದ. ಅವನೇ ತೀರ್ಪು ಕೊಟ್ಟ: "ಸೀನಣ್ಣ, ನಿಮ್ಮ ಶತ್ರು ಬಾಗಿಲಲ್ಲೇ ನಿಂತಿದೆ. ಆ ಹೂವಿನ ಪುಡಿನೇ ಮೂಗಿಗೆ ಹೋಗ್ತಿರೋದು. ಕಡಿದು ಬಿಸಾಕಿ."

ಇಡೀ ಬೀದಿ ಹೌದು ಎಂದಿತು. ಭಾವ ಕಿವಿಗೆ ಹಾಕಿಕೊಳ್ಳಲಿಲ್ಲ. ಆದರೆ ಒಂದು ದಿನ ಶಾಲೆಯ ಮೇಡಂ ತಮ್ಮ ತಂದೆಯ ಹಳೆಯ ಗಡಿಯಾರ ತಂದು ಎದುರಿಗೇ ಕೂತಿದ್ದರು. ಭಾವ ಅದನ್ನು ಬಿಚ್ಚಿದ್ದೇ ತಡ, ಸೀನು. ಚಿಮಟ ಜಾರಿ ಒಳಗಿನ ಕೂದಲೆಳೆಯಂಥ ಸುರುಳಿ ನುಜ್ಜಾಯಿತು. ಮೇಡಂ ಗಡಿಯಾರ ಎತ್ತಿಕೊಂಡು ಹೋದರು. ಹಿಂದೆ ನಿಂತಿದ್ದವರು ತಮ್ಮದನ್ನು ಮೆಲ್ಲಗೆ ಜೇಬಿಗೆ ಹಾಕಿಕೊಂಡರು. ಅಕ್ಕ ಅದನ್ನೆಲ್ಲ ನೋಡಿದಳು.

ಮರುದಿನ ಗರಗಸ ತಂದು ಭಾವನ ಮುಂದಿಟ್ಟಳು. "ಗಿಡ ಇನ್ನೊಂದು ಬೆಳೆಸ್ಬಹುದು ಕಣ್ರೀ. ನಿಮ್ಮ ಕೈಗೆ ಕೆಟ್ಟ ಹೆಸರು ಬಂದ್ರೆ ಅಳಿಸೋಕಾಗಲ್ಲ. ಕಡಿದುಬಿಡಿ."

ಹೂ ಇನ್ನೂ ಕಾಯಿ ಕಟ್ಟಿರಲಿಲ್ಲ. ಬೀಜ ಎಲ್ಲಿಂದ ತರುತ್ತಾಳೆ? ನನಗಂತೂ ಆ ಕ್ಷೌರಿಕನ ಮೇಲೆ ಮೈಯೆಲ್ಲ ಉರಿಯುತ್ತಿತ್ತು.

ಭಾವ ಹೊರಗೆ ಹೋದರು. ಅಕ್ಕ ಒಳಗೆ, ತೊಳೆದ ಪಾತ್ರೆಗಳನ್ನೇ ಮತ್ತೆ ತೊಳೆಯತೊಡಗಿದಳು. ನಾನು ಕಿಟಕಿಯಿಂದ ನೋಡುತ್ತಿದ್ದೆ. ಭಾವ ಕೆಳಗಿನ ಒಂದು ಕೊಂಬೆ ಕೊಯ್ದರು. ಗರಗಸ ಕೆಳಗಿಟ್ಟರು. ಆಮೇಲೆ ಗಿಡವನ್ನು ತಬ್ಬಿ ಹೂವಿನೊಳಗೆ ಮುಖ ಹುದುಗಿಸಿ ಜೋರಾಗಿ ಉಸಿರೆಳೆದರು. ಮತ್ತೊಮ್ಮೆ ಎಳೆದರು. ಮೀಸೆಯೆಲ್ಲ ಹಳದಿ. ಭಾವನಿಗೆ ತಲೆ ಕೆಟ್ಟಿತೆಂದುಕೊಂಡೆ. ಆಗ ಹೊಳೆಯಿತು.

"ಅಕ್ಕಾ, ಭಾವ ಸೀನ್ತಾನೇ ಇಲ್ಲ ಕಣೇ!"

ಅಕ್ಕ ಸೋಪಿನ ಕೈಯಲ್ಲೇ ಓಡಿ ಬಂದಳು. "ಏನ್ರೀ ಮಾಡ್ತಿದ್ದೀರಿ?"

"ಸೀನು ಬಂದ್ರೆ ಸಿಟ್ಟು ಬರುತ್ತೆ, ಸಿಟ್ಟು ಬಂದ್ರೆ ಕಡಿಯೋಕೆ ಕೈ ಬರುತ್ತೆ ಅಂತ ಕಾಯ್ತಿದ್ದೀನಿ," ಎಂದರು ಭಾವ. "ಹಾಳಾದ್ದು, ಬರ್ತಾನೇ ಇಲ್ಲ!"

ಏನೂ ತೋಚದೆ ಒಳಗೆ ಬಂದು ತಮ್ಮ ಕುರ್ಚಿಯಲ್ಲಿ ಧೊಪ್ಪೆಂದು ಕೂತರು. ಮೆತ್ತೆಯಿಂದ ಭುಸ್ಸೆಂದು ಧೂಳೆದ್ದಿತು. ಅಕ್ಷೀ! ಮತ್ತೆ ಅಕ್ಷೀ! ಮೂವರೂ ಮುಖ ಮುಖ ನೋಡಿಕೊಂಡೆವು. ನಾನು ಕತ್ತರಿ ತಂದು ಮೆತ್ತೆಯ ಹೊಟ್ಟೆ ಸೀಳಿದೆ. ಒಳಗೆ ಅರ್ಧ ಕೊಳೆತ ಹತ್ತಿ, ಇನ್ನರ್ಧ ಊರವರೆಲ್ಲರ ಪುಡಿಗೂದಲು.

ಅಕ್ಕ ಹೊಸ್ತಿಲ ಮೇಲೆ ಕುಸಿದು ಕೂತು ಅತ್ತಳು. ಗರಗಸ ಕೊಡುವಾಗ ಅಳದವಳು ಈಗ ಬಿಕ್ಕಿ ಬಿಕ್ಕಿ ಅತ್ತಳು, ನಡುನಡುವೆ ನಗುತ್ತಲೂ ಇದ್ದಳು. "ಎದೆ ಮೇಲಿನ ಕಲ್ಲು ಇಳೀತು ಕಣೇ," ಎಂದಳು. ನನಗೂ ಹಾಗೇ ಆಗಿತ್ತು. ಭಾವ ಕೊಯ್ದ ಕೊಂಬೆಯನ್ನು ಲೋಟದ ನೀರಿಗೆ ಹಾಕಿ, ಮೇಜಿನ ಮೇಲೆ ತಮ್ಮ ಮೂಗಿನ ನೇರಕ್ಕೇ ಇಟ್ಟುಕೊಂಡು ಕೆಲಸಕ್ಕೆ ಕೂತರು.

ಸೀನು ಹೋಯಿತು, ಸೀನಣ್ಣ ಹೋಗಲಿಲ್ಲ. ಹೂ ಉದುರಿ ಕಾಯಿ ಒಣಗಿದಾಗ ಅಕ್ಕ ಬೀಜ ಬಿಡಿಸಿ ಅಡುಗೆಮನೆಯಲ್ಲೊಂದು ಡಬ್ಬಿ, ಭಾವನ ಮೇಜಿನಲ್ಲೊಂದು ಪೊಟ್ಟಣ, ನನ್ನ ಹೊಲಿಗೆ ಯಂತ್ರದ ಡ್ರಾಯರಿನಲ್ಲಿ ಇನ್ನೊಂದು, ಹೀಗೆ ಬಚ್ಚಿಟ್ಟಳು. ಒಂದೇ ಕಡೆ ಇಡಲು ಅವಳಿಗೆ ಇನ್ನು ಧೈರ್ಯವಿಲ್ಲ.

ಬಹಳ ದಿನ ಮುಖ ತಪ್ಪಿಸಿಕೊಂಡು ತಿರುಗಿದ ಕ್ಷೌರಿಕ ಮೊನ್ನೆ ಬಾಗಿಲಲ್ಲಿ ಬಂದು ನಿಂತ. ತಲೆ ಕೆರೆದುಕೊಂಡ. "ಅತ್ತಿಗೆ, ನನ್ನ ಅಂಗಡಿ ಮುಂದೂ ಜಾಗ ಖಾಲಿ ಇದೆ. ಒಂದು ಗಿಡ ಹಾಕಿಕೊಡ್ತೀರಾ?"

ಅಕ್ಕ ಒಳಗೆ ಹೋಗಿ ಬೀಜದ ಡಬ್ಬಿ ಇಳಿಸಿ, ಒಲೆ ಹಚ್ಚಿ, ನೀರು ಕುದಿಯಲು ಇಟ್ಟಳು.